ಲೇತ್ ಮಷಿನ್ನಿನ ಮುಂದೆ ಅರಮನೆಯ ಮಾತು

ನೀವು ಇದನ್ನು ನಂಬುವುದಿಲ್ಲ, ನಂಬಿಸುವ ಕಷ್ಟವನ್ನು ನಾನೂ ತೆಗೆದುಕೊಳ್ಳುವುದಿಲ್ಲ. ಗರುಡಾಚಾರ್‌ಪಾಳ್ಯದ ಒಂದು ಕಾರ್ಖಾನೆಯೊಳಗೆ, ಆಯುಧಪೂಜೆಯ ದಿನ, ಬಾಳೆಕಂದು ಕಟ್ಟಿಸಿಕೊಂಡು ಕುಂಕುಮ ಬಳಿಸಿಕೊಂಡು ಮದುಮಗನ ಹಾಗೆ ನಿಂತಿದ್ದ ಲೇತ್ ಮಷಿನ್ನಿನ ಎದುರು, ಜಪಾನಿನ ಇಂಜಿನಿಯರ್ ಒಬ್ಬರಿಗೆ ನಾನು ಅವರದೇ ಭಾಷೆಯಲ್ಲಿ ಹೀಗೆ ಹೇಳಿದೆ: "ಇಬ್ಬನಿಯ ಹಾದಿಯಲ್ಲಿ ತಾವು ದಯಮಾಡಿಸಿದ ಸುದ್ದಿ ಕೇಳಿ ಈ ಅಲ್ಪಳ ತೋಳಂಚು ಒದ್ದೆಯಾಗಿದೆ." ಬಾಯಿಗೆ ಹೊರಟಿದ್ದ ಅವರ ಕೈಯ ಮಂಡಕ್ಕಿ ಅರ್ಧ ದಾರಿಯಲ್ಲೇ ನಿಂತುಬಿಟ್ಟಿತು.

ತೋಳಂಚು ಒದ್ದೆ ಎಂದರೆ ಕಣ್ಣೀರು ಒರೆಸಿಕೊಂಡೆ ಎಂದು. ಅವರ ಅಜ್ಜಿಯ ಅಜ್ಜಿಯೂ ಹಾಗೆ ಮಾತಾಡಿರಲಿಕ್ಕಿಲ್ಲ. ಗದಗಿನ ಬಸ್‌ಸ್ಟ್ಯಾಂಡಿನಲ್ಲಿ ಜಪಾನಿನವನೊಬ್ಬ ಇಳಿದು, ಮಿರ್ಚಿ ಕರಿಯುವವನ ಮುಂದೆ ನಿಂತು, ಹಳಗನ್ನಡದಲ್ಲಿ ರಾಜರನ್ನು ಹೊಗಳುವ ಧಾಟಿಯಲ್ಲಿ ಎರಡು ಪ್ಲೇಟು ಕೇಳಿದರೆ ಹೇಗಿರುತ್ತದೋ ಹಾಗೆ ಅಂತ ಇಟ್ಟುಕೊಳ್ಳಿ.

ನಮ್ಮಪ್ಪ ಬೆಟಗೇರಿಯಲ್ಲಿ ಅರ್ಧ ಓಣಿಗೆ ಫೋನ್ ಮಾಡಿ "ನಮ್ಮ ಲೀಲಾ ಜಪಾನಿ ಮಾತಾಡ್ತಾಳ" ಎಂದು ಹೇಳಿದ್ದು ನಿಮ್ಮ ಕಿವಿಗೂ ಬಿದ್ದಿರುತ್ತದೆ. ಆತ ಸುಳ್ಳು ಹೇಳಿಲ್ಲ. ಸುಳ್ಳು ಹೇಳಿದವಳು ನಾನು. ಉಳಿದ ಅರ್ಧ ಓಣಿಗೆ ಸುದ್ದಿ ತಪ್ಪಾಗಿ ಮುಟ್ಟುವ ಮೊದಲು ನಾನೇ ಬರೆದುಬಿಡುತ್ತೇನೆ.

ನಾವು ಬೆಟಗೇರಿ ಬಿಟ್ಟು ವರ್ಷದ ಮೇಲಾಯಿತು. ಅಲ್ಲಿ ಅಪ್ಪ ವರ್ಕ್‌ಶಾಪಿನಲ್ಲಿ ಲೇತ್ ನಡೆಸುವ ಟರ್ನರ್, ಇಲ್ಲಿ ಕಾರ್ಖಾನೆಯಲ್ಲಿ ಟರ್ನರ್. ಕೆಲಸ ಅದೇ, ಮಷಿನ್ ದೊಡ್ಡದು, ಮನೆ ಸಣ್ಣದು. ಜೋಗುಪಾಳ್ಯದಲ್ಲಿ ಮೂರನೇ ಮಹಡಿ. ಎಷ್ಟು ಸಣ್ಣದೆಂದರೆ ಅವ್ವ ಒಗ್ಗರಣೆ ಹಾಕಿದರೆ ಬಚ್ಚಲಲ್ಲಿದ್ದವರು ಸೀನುತ್ತಾರೆ. ನಮ್ಮ ಕಿಟಕಿ ತೆರೆಯಬೇಕಾದರೆ ಎದುರು ಮನೆಯವರು ತಮ್ಮದನ್ನು ಮುಚ್ಚಬೇಕು, ಎರಡೂ ಒಟ್ಟಿಗೆ ತೆರೆಯುವಷ್ಟು ಜಾಗವನ್ನು ದೇವರು ನಡುವೆ ಬಿಟ್ಟಿಲ್ಲ. ಬೆಟಗೇರಿಯಲ್ಲಿ ನಮ್ಮ ಮನೆಯ ಮುಂದಿನ ಕಟ್ಟೆಯೊಂದೇ ಈ ಮನೆಗಿಂತ ಅಗಲವಿತ್ತು. ಅದರ ಮೇಲೆ ಸಂಜೆ ಕುಳಿತರೆ ಊರಿಗೆ ಊರೇ ಎದುರಿಗೆ ಹಾದುಹೋಗುತ್ತಿತ್ತು. ಇಲ್ಲಿ ಎದುರಿಗೆ ಹಾದುಹೋಗುವುದು ಪಕ್ಕದ ಮನೆಯ ಒಣಗಿದ ಬಟ್ಟೆ.

ಬಂದ ಎರಡನೇ ದಿನ ಕೆಳಗಿನಿಂದ ಓನರ್ ಆಂಟಿ ಹತ್ತಿ ಬಂದರು.

"ಏನಮ್ಮಾ, ಮೇಲೆ ಮರ ಕುಯ್ಸ್ತಾ ಇದೀರಾ?"

"ಇಲ್ರೀ ಅಕ್ಕಾರ, ರೊಟ್ಟಿ ಬಡ್ಯಾಕತ್ತೇನ್ರಿ," ಅಂದಳು ಅವ್ವ.

"ದಿನಾ ಬಡೀತೀರಾ?"

"ದಿನಾ ತಿಂತೇವಲ್ರೀ."

ಆಂಟಿ ಸ್ವಲ್ಪ ಹೊತ್ತು ಯೋಚಿಸಿದರು. "ನಮ್ಮೆಜಮಾನ್ರಿಗೆ ಬಿಪಿ ಇದೆಯಮ್ಮಾ," ಅಂದರು. ಅವತ್ತಿನಿಂದ ನಮ್ಮ ಮನೆಯಲ್ಲಿ ರೊಟ್ಟಿಯನ್ನು ಚಪಾತಿಯ ಹಾಗೆ ಲಟ್ಟಿಸುತ್ತಾರೆ. ಸದ್ದಿಲ್ಲ, ರುಚಿಯೂ ಇಲ್ಲ. ಅಪ್ಪ ಅದನ್ನು ತಿನ್ನುವಾಗ ಊರಿನ ಸುದ್ದಿ ಎತ್ತುವುದಿಲ್ಲ.

ಕಾಲೇಜಿನ ಸುದ್ದಿ ಇದಕ್ಕಿಂತ ಚಲೋ ಏನಲ್ಲ. ಮೊದಲನೇ ದಿನ ಹಾಜರಿ ಕೂಗಿದಾಗ ನಾನು "ಹೌದ್ರಿ" ಅಂದೆ. ಅಷ್ಟೇ. ನನ್ನ ಹೆಸರು ಶಿವಲೀಲಾ ಎಂಬುದು ಅಲ್ಲಿಗೆ ಮುಗಿಯಿತು. ಮರುದಿನದಿಂದ ಬಾಗಿಲಲ್ಲಿ ಕಾಲಿಟ್ಟರೆ ಸಾಕು, "ಮಗಾ, ಹೌದ್ರಿ ಬಂದ್ಳು ನೋಡು" ಎಂದು ಹಿಂದಿನ ಬೆಂಚಿನಿಂದ ಬರುತ್ತಿತ್ತು. ಕ್ಯಾಂಟೀನಿನಲ್ಲಿ ನಾನು "ಒಂದು ಚಾ ಕೊಡ್ರಿ" ಎಂದರೆ ನನ್ನ ಹಿಂದೆ ನಾಲ್ಕು ಜನ ಅದೇ ರಾಗದಲ್ಲಿ ಚಾ ಕೇಳುತ್ತಿದ್ದರು. ನಾನು ಎರಡು ತಿಂಗಳು ಬಾಯಿ ಮುಚ್ಚಿಕೊಂಡು ಕಲಿತೆ. ಹೋಗಾಕತ್ತೀನಿ ಎಂಬುದನ್ನು ಹೋಗ್ತಿದೀನಿ ಮಾಡಿದೆ, ಯಾಕ ಎಂಬುದನ್ನು ಯಾಕೆ ಮಾಡಿದೆ, ಎಲ್ಲದರ ಬಾಲಕ್ಕಿದ್ದ 'ರಿ' ಕತ್ತರಿಸಿದೆ. ಕತ್ತರಿಸಿದ ಮೇಲೆ ಗದಗಿನ ಗೆಳತಿಗೆ ಫೋನ್ ಮಾಡಿದರೆ ಅವಳು ಹೇಳಿದ್ದೇನು ಗೊತ್ತೇ? "ಏನ ಲೇ, ಬೆಂಗಳೂರ ಸಾಮಾನ ಆಗೀಯಲ್ಲ. ಕನ್ನಡದಾಗ ಮಾತಾಡ." ಅವಳು ಇದನ್ನು ಓದುತ್ತಿದ್ದರೆ ಓದಲಿ, ಹೆಸರು ಹಾಕಿಲ್ಲ.

ಈ ನಡುವೆ ಅಪ್ಪನಿಗೆ ಒಂದು ಆಸೆ ಹುಟ್ಟಿತು. ಕಾರ್ಖಾನೆಯ ದೊಡ್ಡ ಮಷಿನ್‌ಗಳೆಲ್ಲ ಜಪಾನಿನಿಂದ ಬಂದವು. ಅವುಗಳ ಜೊತೆ ವರ್ಷಕ್ಕೆರಡು ಸಲ ಇಂಜಿನಿಯರೂ ಬರುತ್ತಾರೆ. ಅವರ ಪಕ್ಕದಲ್ಲಿ ಒಬ್ಬ ದುಭಾಷಿ ನಿಂತಿರುತ್ತಾನೆ. ಎಣ್ಣೆ ಮುಟ್ಟುವುದಿಲ್ಲ, ಅಂಗಿ ಮಡಿಚುವುದಿಲ್ಲ, ಮ್ಯಾನೇಜರ್ ಕೂಡ ಅವನ ಬಾಯಿಯನ್ನೇ ನೋಡುತ್ತಾರೆ. ಮಗಳು ಅವನಂತೆ ಆಗಬೇಕು ಎಂದು ಅಪ್ಪ ತೀರ್ಮಾನಿಸಿದ. ಮ್ಯಾನೇಜರನ್ನೇ ಕೇಳಿ, ಹಿಂದೆ ಕಂಪನಿಗಳಿಗೆ ಅನುವಾದ ಮಾಡುತ್ತಿದ್ದ ಕಮಲಾ ಮೇಡಂ ಎಂಬವರ ವಿಳಾಸ ತಂದ. ಹಲಸೂರು ದೇವಸ್ಥಾನದ ಹಿಂದಿನ ಬೀದಿ. ಪ್ರತಿ ಭಾನುವಾರ ಬೆಳಿಗ್ಗೆ ಎರಡು ಗಂಟೆ ಪಾಠ.

ಮೇಡಂ ಅನ್ನಬಾರದಂತೆ, ಸೆನ್ಸೆ ಅನ್ನಬೇಕು. ಸೆನ್ಸೆ ಎಂದರೆ ಮೇಷ್ಟ್ರು, ಹೆಂಗಸಾದರೂ ಗಂಡಸಾದರೂ ಒಂದೇ. ನಮ್ಮ ಸೆನ್ಸೆಗೆ ಅರವತ್ತೆಂಟು ವರ್ಷ, ಕತ್ತಿನ ಮಟ್ಟಕ್ಕೆ ಕತ್ತರಿಸಿದ ಬಿಳಿ ಕೂದಲು. ಮನೆಯಲ್ಲಿ ತಮಿಳು, ನಮ್ಮ ಜೊತೆ ಕನ್ನಡ, ಪುಸ್ತಕದ ಜೊತೆ ಜಪಾನಿ. ಚಿಕ್ಕ ವಯಸ್ಸಿನಲ್ಲಿ ಕೆಲವು ವರ್ಷ ಜಪಾನಿನಲ್ಲಿದ್ದು ಓದಿದ್ದರು. ಏನು ಓದಿದ್ದರು ಎಂಬುದನ್ನು ಅಪ್ಪನೂ ಕೇಳಲಿಲ್ಲ, ಮ್ಯಾನೇಜರೂ ಕೇಳಿರಲಿಕ್ಕಿಲ್ಲ.

ಮೊದಲ ಎರಡು ಭಾನುವಾರ ನಾನು ಕಂಪನಿಯ ಜಪಾನಿ ಕಲಿತೆ. ಹೆಲ್ಮೆಟ್ ಹಾಕಿದ ಗಂಡಸು ಹಲ್ಲು ಬಿಡುತ್ತಿದ್ದ ಹೊದಿಕೆಯ ಪುಸ್ತಕ. ಈ ಸ್ಕ್ರೂ ಯಾರದು, ಈ ಸ್ಕ್ರೂ ಕಂಪನಿಯದು. ಕಂಪನಿಯ ಸ್ಕ್ರೂ ಎಲ್ಲಿದೆ, ಕಂಪನಿಯ ಸ್ಕ್ರೂ ಪೆಟ್ಟಿಗೆಯಲ್ಲಿದೆ. ಇಷ್ಟು ದೂರ ಬಂದು, ಇಷ್ಟು ಬೈಸಿಕೊಂಡು, ಕೊನೆಗೆ ಒಂದು ಸ್ಕ್ರೂವಿನ ಸಂಸಾರ ವಿಚಾರಿಸುವ ಹಣೆಬರಹ.

ಮೂರನೇ ಭಾನುವಾರ ನಾನು ಬೇಗ ಹೋದೆ. ಒಳಗೆ ನನಗಿಂತ ಎರಡು ವರ್ಷ ದೊಡ್ಡವಳೊಬ್ಬಳು ಹಿಂದಿನಿಂದ ತೆರೆಯುವ ನೀಲಿ ಪುಸ್ತಕ ಹಿಡಿದು, ಮೇಲಿನಿಂದ ಕೆಳಕ್ಕೆ ಬೆರಳಾಡಿಸುತ್ತಾ ರಾಗವಾಗಿ ಓದುತ್ತಿದ್ದಳು. ಅವಳ ಹೆಸರು ಆಫ್ರೀನ್. ಶಿವಾಜಿನಗರದವಳು, ಅವಳ ಅಬ್ಬಾನದು ಮದುವೆ ಕಾರ್ಡಿನ ಅಂಗಡಿ. ಕೇಳಿದ್ದರಲ್ಲಿ ಒಂದೂ ಸ್ಕ್ರೂ ಇರಲಿಲ್ಲ.

"ಇದು ಯಾವ ಫ್ಯಾಕ್ಟರೀದ್ರಿ?" ಎಂದು ಕೇಳಿದೆ. ಬಾಲ ಕತ್ತರಿಸಲು ಮರೆತಿದ್ದೆ.

ಆಫ್ರೀನ್ ನಕ್ಕಳು. ನನ್ನ ಮಾತಿನ ರಾಗಕ್ಕಲ್ಲ, ಪ್ರಶ್ನೆಗೆ. ಆ ಎರಡು ನಗುವಿನ ವ್ಯತ್ಯಾಸ ಗೊತ್ತಾಗಬೇಕಾದರೆ ಎರಡು ತಿಂಗಳು ನನ್ನ ಕಾಲೇಜಿನಲ್ಲಿ ಕೂರಬೇಕು. "ಫ್ಯಾಕ್ಟರಿ ನಕ್ಕೋ ರೇ," ಅಂದಳು, "ಇದು ರಾಣಿ ಮನೇದು. ಸಾವಿರ ವರ್ಷ ಆಯ್ತು."

ಸೆನ್ಸೆ ಕಾಫಿ ಲೋಟ ಕೆಳಗಿಟ್ಟರು. "ಆವಾಗ ಗಂಡಸ್ರು ಚೀನಾ ಅಕ್ಷರದಲ್ಲಿ ಬರೀತಿದ್ರು ಮಾ. ಅದೇ ದೊಡ್ಡ ವಿದ್ಯೆ. ಹೆಂಗಸ್ರಿಗೆ ಅದೆಲ್ಲ ಯಾಕೆ ಅಂತ. ಸರಿ ಅಂತ ಇವ್ರು ಸುಲಭದ ಅಕ್ಷರದಲ್ಲಿ, ಮನೆ ಮಾತಲ್ಲೇ ಬರ್ಕೊಂಡ್ರು. ದಿನಚರಿ, ಕಾಗದ, ಕತೆ. ಈಗ ನೋಡು, ಪ್ರಪಂಚ ಓದೋದು ಹೆಂಗಸ್ರದ್ದು."

"ಹೆಸ್ರು ಏನ್ರಿ ಅವ್ರದು?"

"ಎಷ್ಟೋ ಜನದ್ದು ಹೆಸ್ರೇ ಗೊತ್ತಿಲ್ಲ. ಇಂಥಾ ಅಧಿಕಾರಿ ಮಗಳು, ಇಂಥವನ ತಾಯಿ. ಅಷ್ಟೇ ಉಳ್ದಿರೋದು."

ಬೆಟಗೇರಿಯಲ್ಲಿ ನಾನೂ ಹಾಗೇ ಇದ್ದೆನಲ್ಲ. ಯಾರ ಮಗಳವಾ ನೀ ಎಂದು ಕೇಳಿದರೆ ಟರ್ನರ್ ಬಸಣ್ಣನ ಮಗಳು. ಅಷ್ಟು ಹೇಳಿದರೆ ಕಿರಾಣಿ ಅಂಗಡಿಯವನು ಬೆಲ್ಲದ ಚೂರು ಕೊಡುತ್ತಿದ್ದ. ಇಲ್ಲಿ ಯಾರ ಮಗಳು ಎಂದು ಒಬ್ಬರೂ ಕೇಳಿಲ್ಲ. ಎಲ್ಲಿಂದ ಎಂದು ಕೇಳುತ್ತಾರೆ, ಉತ್ತರ ಬರುವಷ್ಟರಲ್ಲಿ ಫೋನ್ ನೋಡುತ್ತಿರುತ್ತಾರೆ.

"ನಂಗೂ ಇದನ್ನೇ ಕಲಿಸ್ರಿ," ಅಂದೆ.

ಸೆನ್ಸೆ ಹೆಲ್ಮೆಟ್ಟಿನವನ ಪುಸ್ತಕವನ್ನೂ ನನ್ನನ್ನೂ ನೋಡಿದರು. "ಇದ್ರಿಂದ ಕೆಲ್ಸ ಸಿಗಲ್ಲ ಮಾ. ಜಪಾನ್‌ಗೆ ಹೋಗಿ ಇದ್ರಲ್ಲಿ ಒಂದು ಟೀ ಕೂಡ ತಗೊಳಕ್ಕಾಗಲ್ಲ. ಮನೇಲಿ ಕೇಳ್ಕೊಂಡು ಬಾ."

ಮುಂದಿನ ಭಾನುವಾರ ಮೊದಲು ಕೇಳಿದ್ದೇ ಅದು. "ಹೇಳಿದ್ಯಾ?"

"ಹೇಳೀನ್ರಿ."

"ಏನಂದ್ರು?"

"ಖುಷಿ ಆದ್ರು."

ಅಪ್ಪನಿಗೂ ಇಷ್ಟೇ ಸಲೀಸಾಗಿ ಸುಳ್ಳು ಹೇಳುತ್ತಿದ್ದೆ. ಮನೆಗೆ ಹೋದ ಕೂಡಲೇ "ಏನ್ ಕಲ್ತಿ ಇವತ್ತ?" ಎನ್ನುತ್ತಿದ್ದ. "ಸ್ಕ್ರೂ," ಎನ್ನುತ್ತಿದ್ದೆ. ಆತನಿಗೆ ಸ್ಕ್ರೂ ಎಂದರೆ ಕಾವ್ಯ. ಯಾವ ಅಳತೆಯದು, ಯಾವ ಥ್ರೆಡ್ಡಿನದು ಎಂದು ಅರ್ಧ ಗಂಟೆ ಆತನೇ ಮಾತಾಡುತ್ತಿದ್ದ, ನನಗೆ ಸುಳ್ಳಿನ ಖರ್ಚು ಕಡಿಮೆಯಾಗುತ್ತಿತ್ತು. ಈ ಊರಿನಲ್ಲಿ ನನ್ನದು ಎಂದು ಇದ್ದದ್ದು ಭಾನುವಾರದ ಆ ಎರಡು ಗಂಟೆ. ಅಪ್ಪನಿಗೆ ಗೊತ್ತಾದ ದಿನ ಅದು ಹೋಗುತ್ತದೆ ಎಂಬುದು ನನಗೆ ಮೊದಲ ದಿನದಿಂದಲೂ ಗೊತ್ತಿತ್ತು.

ಆ ಎರಡು ಗಂಟೆಯಲ್ಲಿ ನಾನು ಬಲು ದೊಡ್ಡ ಪಂಡಿತೆ. ಹಳೆಯ ಅಕ್ಷರಗಳು ಹುಲ್ಲು ಗಾಳಿಗೆ ಬಾಗಿದ ಹಾಗೆ ಒಂದರ ಮೇಲೊಂದು ಒರಗಿರುತ್ತವೆ. ಈಗಿನ ಜಪಾನಿನವರೇ ಓದಲಾಗದೆ ಕೈಬಿಡುತ್ತಾರಂತೆ. ನಾನು ಓದುತ್ತಿದ್ದೆ. ಆ ಹೆಂಗಸರ ಸ್ವಂತ ಕೈಬರಹ ಉಳಿದಿಲ್ಲ. ಯಾರೋ ನಕಲು ಮಾಡಿದ್ದು, ಆ ನಕಲಿನ ನಕಲು, ಅದರಲ್ಲಿ ಒಬ್ಬ ಬಿಟ್ಟ ಸಾಲು, ಇನ್ನೊಬ್ಬ ಸೇರಿಸಿದ ಸಾಲು. ಇವನ್ನು ಪಕ್ಕಪಕ್ಕ ಇಟ್ಟು ಯಾವುದು ನಿಜ ಎಂದು ಪಂಡಿತರು ನೂರಾರು ವರ್ಷ ಜಗಳವಾಡಿದ್ದಾರೆ. ನಮ್ಮ ಕಾಲೇಜಿನಲ್ಲಿ ರೆಕಾರ್ಡ್ ಬುಕ್ ನಕಲು ಮಾಡಿದವರಿಗೆ ಯಾರೂ ಇಷ್ಟು ಗೌರವ ಕೊಡುವುದಿಲ್ಲ.

ಅವರ ಒಂದು ಪದ್ಧತಿ ನನಗೆ ಬಹಳ ಹಿಡಿಸಿತು. ಅರಮನೆಯಲ್ಲಿ ಯಾರಿಗಾದರೂ ಏನಾದರೂ ಹೇಳಬೇಕೆಂದರೆ ಮೂವತ್ತೊಂದು ಧ್ವನಿಗಳ ಐದು ಸಾಲು ಬರೆಯಬೇಕು. ಅದಕ್ಕೆ ವಾಕಾ ಎನ್ನುತ್ತಾರೆ. ಹೊತ್ತಿಗೆ ಒಪ್ಪುವ ಬಣ್ಣದ ಕಾಗದ, ಋತುವಿಗೆ ಒಪ್ಪುವ ಒಂದು ಟೊಂಗೆ, ಆ ಟೊಂಗೆಗೆ ಕಟ್ಟಿ ಕಳಿಸಬೇಕು. ಅದನ್ನು ಪಡೆದವರು ಉತ್ತರ ಬರೆಯಲೇಬೇಕು. ಬರೆಯದಿದ್ದರೆ ಅವರಷ್ಟು ಗಮಾರರು ಬೇರೆ ಇಲ್ಲ. ನಮ್ಮ ಪಾಠದಲ್ಲೂ ಅದೇ ನಿಯಮ. ಕಾಗದ ಆಫ್ರೀನ್ ತರುತ್ತಿದ್ದಳು, ಅಬ್ಬಾನ ಅಂಗಡಿಯಲ್ಲಿ ತಪ್ಪು ಅಚ್ಚಾದ ಮದುವೆ ಕಾರ್ಡುಗಳು. ಮುಂದೆ ಶರತ್ಕಾಲದ ಚಂದ್ರ, ಹಿಂದೆ "ಬಂಧುಮಿತ್ರರೊಡನೆ ಬಂದು". ಒಂದು ವಾರ ನನಗೆ ಜ್ವರ ಬಂದಾಗ ಜ್ವರವನ್ನು ಮಂಜು ಕವಿದ ಬೆಟ್ಟಕ್ಕೆ ಹೋಲಿಸಿ, ನುಗ್ಗೆಯ ಟೊಂಗೆಗೆ ಕಟ್ಟಿ, ರಜೆ ಚೀಟಿ ಕಳಿಸಿದ್ದೆ. ಸೆನ್ಸೆ ಬೇವಿನ ಟೊಂಗೆಗೆ ಕಟ್ಟಿ ಉತ್ತರ ಕೊಟ್ಟರು. ಬೆಟ್ಟಕ್ಕೆ ಕ್ರೋಸಿನ್ ಕೊಡುವಂತೆ ಅದರಲ್ಲಿತ್ತು.

ಎಲ್ಲವೂ ಇಷ್ಟು ಸಿಹಿ ಅಲ್ಲ. ಒಂದು ಭಾನುವಾರ ಅಜುಮಾ ಎಂಬ ಮಾತು ಬಂತು. ಅಜುಮಾ ಎಂದರೆ ಪೂರ್ವದ ಸೀಮೆ, ರಾಜಧಾನಿಯಿಂದ ದೂರ. ಅಲ್ಲಿಂದ ಬಂದವರ ಮಾತು ಒರಟು, ಹಕ್ಕಿ ಕಿರುಚಿದ ಹಾಗೆ ಎಂದು ರಾಜಧಾನಿಯವರು ತೋಳಂಚಿನಲ್ಲಿ ಬಾಯಿ ಮುಚ್ಚಿಕೊಂಡು ನಗುತ್ತಿದ್ದರಂತೆ.

"ಯಾರು ನಗ್ತಿದ್ರು? ಇವ್ರೇನಾ?" ಎಂದು ನೀಲಿ ಪುಸ್ತಕ ತೋರಿಸಿ ಕೇಳಿದೆ.

"ಇವ್ರೂನೂ," ಅಂದರು ಸೆನ್ಸೆ.

ಅಂದರೆ ನಾನು ಏಳು ತಿಂಗಳಿಂದ ಪ್ರೀತಿಸುತ್ತಿದ್ದ ಈ ಹೆಂಗಸರು ಮರೆಯಲ್ಲಿ ಕೂರುತ್ತಿದ್ದ ಪರದೆಯ ಮುಂದೆ ನಾನೇ ಹೋಗಿ ನಿಂತು "ಒಂದು ಚಾ ಕೊಡ್ರಿ" ಅಂದಿದ್ದರೆ ಅವರೂ ಅದನ್ನೇ ಮಾಡುತ್ತಿದ್ದರು. ಸಾವಿರ ವರ್ಷ ಹಿಂದಕ್ಕೆ ಓಡಿದರೂ ಅದೇ ಹಿಂದಿನ ಬೆಂಚು. ಅವತ್ತು ಮನೆಗೆ ಬಂದು ಅವ್ವನ ಲಟ್ಟಿಸಿದ ರೊಟ್ಟಿಯ ಮೇಲೆ ಸಿಟ್ಟು ತೀರಿಸಿಕೊಂಡೆ. ಮುಂದಿನ ಭಾನುವಾರ ಮತ್ತೆ ಹೋದೆ. ಕಾಲೇಜಿನವರು ನಗುವುದಷ್ಟೇ, ಇವರು ಬರೆಯುತ್ತಲೂ ಇದ್ದರಲ್ಲ.

ಹಾಗೆ ಆಯುಧಪೂಜೆ ಬಂತು. ಕಾರ್ಖಾನೆಯವರು ಮನೆಯವರನ್ನೆಲ್ಲ ಕರೆದಿದ್ದರು. ಅವ್ವ ಇಳಕಲ್ ಸೀರೆ ಉಟ್ಟಳು. ಮೆಟ್ರೋದಲ್ಲಿ ಹೋಗುವಾಗ ಅಪ್ಪ ನನಗೆ ಸುದ್ದಿ ಹೇಳಿದ: ಜಪಾನಿನಿಂದ ಮೋರಿ ಎಂಬ ಇಂಜಿನಿಯರ್ ಬಂದಿದ್ದಾರೆ, ದುಭಾಷಿ ಹಬ್ಬಕ್ಕೆ ಊರಿಗೆ ಹೋಗಿದ್ದಾನೆ, "ಇವತ್ತ ನೀನ ಮಾತಾಡ್ಬೇಕು". ಇಂದಿರಾನಗರದಿಂದ ಗರುಡಾಚಾರ್‌ಪಾಳ್ಯದವರೆಗೆ ಪ್ರತಿ ಸ್ಟೇಷನ್ನಿನಲ್ಲೂ ಇಳಿದು ಓಡಿಹೋಗುವ ಯೋಚನೆ ಮಾಡಿದೆ. ಆದರೆ ನಿಜ ಹೇಳುತ್ತೇನೆ, ಹೆದರಿಕೆಗಿಂತ ಒಂದು ಗೇಣು ಹೆಚ್ಚಾಗಿ ಇನ್ನೊಂದು ಆಸೆಯಿತ್ತು. ತೋರಿಸಿಕೊಳ್ಳುವ ಆಸೆ. ಬ್ಯಾಗಿನಲ್ಲಿ ತಿಳಿಗುಲಾಬಿ ಕಾರ್ಡೊಂದಿತ್ತು. ಮೆಟ್ರೋದಲ್ಲೇ ಐದು ಸಾಲು ಬರೆದೆ. ಕಾರ್ಖಾನೆ ಮುಟ್ಟಿದ ಮೇಲೆ ಮಷಿನ್‌ಗೆ ಕಟ್ಟಿದ್ದ ತೋರಣದಿಂದ ಮಾವಿನ ಎಲೆಯ ಸಣ್ಣ ಟೊಂಗೆ ಕಿತ್ತು ಕಟ್ಟಿಕೊಂಡೆ.

ಬೂದುಗುಂಬಳ ಒಡೆದರು, ಮಂಗಳಾರತಿ ಆಯಿತು, ಮಂಡಕ್ಕಿ ಹಂಚಿದರು. ಕೆಲಸದವರೆಲ್ಲ "ಮೋರಿ ಸಾರ್" ಎಂದು ಕರೆದು ಆಚೆ ತಿರುಗಿ ನಗು ನುಂಗುತ್ತಿದ್ದರು. ಮ್ಯಾನೇಜರ್ ಕರೆದರು, "ಬಸವರಾಜ್, ನಿಮ್ಮ ಮಗಳೆಲ್ಲಿ?" ಅಪ್ಪ ನನ್ನ ಬೆನ್ನಿನ ಮೇಲೆ ಕೈಯಿಟ್ಟು ಮುಂದಕ್ಕೆ ದೂಡಿದ. "ಮಾತಾಡವಾ."

ಆಗ ನಾನು ಹೇಳಿದ್ದು ನಿಮಗೆ ಗೊತ್ತು. ಇಬ್ಬನಿ, ಅಲ್ಪಳು, ತೋಳಂಚು. ಮೋರಿ ಸಾನ್, ಅವರಲ್ಲಿ ಸಾರ್ ಎನ್ನುವುದು ಹಾಗೆ, ಅವರ ಬಾಯಿ ತೆರೆದೇ ಇತ್ತು. ಆಮೇಲೆ ಅವರು ನಕ್ಕು, ನನ್ನ ಕಡೆ ಬಾಗಿ, ಚಿಕ್ಕದೊಂದು ಮಾತು ಕೇಳಿದರು. ನನಗೆ ಒಂದಕ್ಷರ ಅರ್ಥವಾಗಲಿಲ್ಲ. ಇನ್ನೊಮ್ಮೆ ನಿಧಾನವಾಗಿ ಕೇಳಿದರು. ನಿಧಾನವಾಗಿಯೂ ಅರ್ಥವಾಗಲಿಲ್ಲ. ಎಲ್ಲರೂ ನನ್ನ ಬಾಯಿಯನ್ನೇ ನೋಡುತ್ತಿದ್ದರು. ನಾನು ಸೊಂಟ ಬಗ್ಗಿಸಿ ಎರಡೂ ಕೈಯಲ್ಲಿ ಮಾವಿನ ಟೊಂಗೆ ನೀಡಿದೆ.

ಅವರು ಬಿಚ್ಚಿ ಓದಿದರು. ನಂತರ ಆ ದೊಡ್ಡ ಮನುಷ್ಯ, ಕಬ್ಬಿಣದ ಮೂತಿಯ ಬೂಟುಗಳನ್ನು ಜೋಡಿಸಿ, ನನಗೆ ನಡ ಬಗ್ಗಿಸಿ ನಮಸ್ಕಾರ ಮಾಡಿದರು. ಚಪ್ಪಾಳೆ ಬಿತ್ತು. ಮ್ಯಾನೇಜರ್ ಅಪ್ಪನ ಹೆಗಲು ತಟ್ಟಿ, ರಜೆಯಲ್ಲಿ ಮಗಳನ್ನು ಆಫೀಸಿಗೆ ಕಳಿಸಿ, ದುಭಾಷಿಯ ಪಕ್ಕ ಕೂತು ಕಲಿಯಲಿ ಎಂದರು. ಅಪ್ಪ ಕ್ಯಾಪ್ ತೆಗೆದು ಮತ್ತೆ ಹಾಕಿಕೊಂಡ. ನಿಮಗೆ ಫೋನ್‌ಗಳು ಬಂದದ್ದು ಅವತ್ತು ಸಂಜೆ.

ಭಾನುವಾರ ಇದನ್ನು ಹತ್ತು ಪಟ್ಟು ಮಾಡಿ ಹೇಳಿದೆ. ಮೋರಿ ಸಾನ್ ಅವರ ಕಣ್ಣಲ್ಲಿ ನೀರು ಹಾಕಿದೆ, ಮಂಡಕ್ಕಿಯನ್ನು ನೆಲಕ್ಕೆ ಚೆಲ್ಲಿಸಿದೆ. ಆಫ್ರೀನ್ ಹೊಟ್ಟೆ ಹಿಡಿದುಕೊಂಡು ನಕ್ಕಳು. ಸೆನ್ಸೆ ನಗಲಿಲ್ಲ.

"ವಾಕಾ ಕೊಟ್ಟೆಯಾ? ಬರೆದು ಕೊಟ್ಟೆಯಾ?"

"ಹೌದು."

"ಅವ್ರು ಉತ್ತರ ಬರೀತಾರೆ ಮಾ, ಈಗಿನ ಜಪಾನೀಲಿ."

"ಬರೀಲಿ ಬಿಡಿ ಸೆನ್ಸೆ," ಅಂದಳು ಆಫ್ರೀನ್, "ಇವ್ಳು ಏನಾದ್ರೂ ಓದಿ ಹೇಳ್ತಾಳೆ. ಇವ್ಳ ಬಾಯಿ ನೋಡಿಲ್ವಾ?"

ಮುಂದಿನ ಭಾನುವಾರ ನಾವು ಪಾಠದ ನಡುವೆ ಇದ್ದಾಗ ಬಾಗಿಲಲ್ಲಿ ಅಪ್ಪ ನಿಂತಿದ್ದ. ಇಸ್ತ್ರಿ ಅಂಗಿ, ಎಣ್ಣೆ ಹಚ್ಚಿದ ಕೂದಲು, ಒಂದು ಕೈಯಲ್ಲಿ ಧಾರವಾಡ ಪೇಢೆಯ ಡಬ್ಬಿ, ಇನ್ನೊಂದರಲ್ಲಿ ಲಕೋಟೆ. ಚಪ್ಪಲಿಯನ್ನು ಹೊರಗೆ ಜೋಡಿಸಿಟ್ಟು ಒಳಗೆ ಬಂದ.

"ನಮಸ್ಕಾರ್ರೀ ಮೇಡಮ್ಮಾರ. ನಾ ಶಿವಲೀಲಾನ ತಂದಿ."

"ಬನ್ನಿ ಸರ್, ಕೂತ್ಕೊಳ್ಳಿ."

ಅಪ್ಪ ಕೂರಲಿಲ್ಲ. "ಮೋರಿ ಸಾಹೇಬ್ರು ಊರಿಗೆ ಹೋಗೂ ಮುಂದ ಇಕಿ ಹೆಸರ್ಲೆ ಪತ್ರ ಕೊಟ್ಟು ಹೋಗ್ಯಾರ್ರೀ. ದುಭಾಷಿ ಓದ್ತೀನಿ ಅಂದ. ನಿಂದೇನ್ ಹತ್ತೇತಿ, ನನ್ನ ಮಗಳ ಓದ್ತಾಳ ಅಂದೆ." ಲಕೋಟೆ ನನ್ನ ಮುಂದಿಟ್ಟ. "ಓದವಾ. ನಾಳೆ ಮ್ಯಾನೇಜರ್ ಸಾಹೇಬ್ರು ಕೇಳ್ತಾರ."

ಗೆರೆ ಹಾಕಿದ ಹಾಳೆ, ಅವಸರದ ಕೈಬರಹ, ಈಗಿನ ಜಪಾನಿ. ಅಲ್ಲಲ್ಲಿ ನನ್ನ ಹೆಂಗಸರ ಸುಲಭದ ಅಕ್ಷರಗಳು ಕಾಣುತ್ತಿದ್ದವು. ಅವುಗಳ ನಡುವೆ ಕಬ್ಬಿಣದ ಬೇಲಿಯ ಹಾಗೆ ಚೀನಾ ಅಕ್ಷರಗಳು. ಸಾವಿರ ವರ್ಷದ ದಿನಚರಿ ಓದುತ್ತಿದ್ದವಳಿಗೆ ಹೋದ ವಾರದ ಕಾಗದ ಓದಲು ಬರಲಿಲ್ಲ. ನಾನು ಸೆನ್ಸೆಯ ಮುಖ ನೋಡದೆ ಓದತೊಡಗಿದೆ. ಓದಿದೆ ಎನ್ನುವುದಕ್ಕಿಂತ ಹೆಣೆದೆ. ಕಾರ್ಖಾನೆ ಬಹಳ ಸ್ವಚ್ಛ ಇದೆ. ಪೂಜೆ ಚೆನ್ನಾಗಿತ್ತು. ಮಂಡಕ್ಕಿ ರುಚಿಯಾಗಿತ್ತು. ಅಪ್ಪನ ಮುಖ ಅರಳುವುದು ನೋಡಿ ನನ್ನ ಚಾಳಿ ಬಿಡಲಿಲ್ಲ, ಇನ್ನೊಂದು ಸೇರಿಸಿದೆ. "ಟರ್ನರ್ ಬಸವರಾಜ ಅವರ ಕೆಲಸ ಬಹಳ ಅಚ್ಚುಕಟ್ಟು ಅಂತ ಬರದಾರ."

ಅಪ್ಪ ಒಂದು ಹೆಜ್ಜೆ ಮುಂದೆ ಬಂದ. "ನನ್ನ ಹೆಸರು ಬರದಾರ?"

"ಹ್ಞೂಂ."

"ಎಲ್ಲಿ? ತೋರಸು."

ನಾನು ಹಾಳೆಯ ನಡುವೆ ಎಲ್ಲೋ ಬೆರಳಿಟ್ಟೆ. ಅಪ್ಪ ಕನ್ನಡಕ ಹಾಕಿಕೊಂಡು ಬಗ್ಗಿ ಬಹಳ ಹೊತ್ತು ನೋಡಿದ. ಫೋನ್ ತೆಗೆದ. "ಮೇಡಮ್ಮಾರ, ಎಲ್ಲಿಂದ ಎಲ್ಲೀತನಕ ಬರತೇತ್ರಿ ನನ್ನ ಹೆಸರು? ಫೋಟೋ ಹೊಡ್ಕೊಂತೀನಿ. ಊರಾಗ ನಮ್ಮ ಅಣ್ಣಗ ಕಳಸ್ಬೇಕು."

ಆಫ್ರೀನ್ ಕಿಟಕಿಯ ಕಡೆ ತಿರುಗಿದಳು. ಸೆನ್ಸೆ ಹಾಳೆ ತೆಗೆದುಕೊಂಡು ನನ್ನ ಬೆರಳಿದ್ದ ಜಾಗ ನೋಡಿದರು.

"ಅದು ಹೈಸ್ಕೂಲು ಅಂತ ಇದೆ ಸರ್."

"ಮತ್ತ ನನ್ನ ಹೆಸರು?"

ಸೆನ್ಸೆ ಪತ್ರ ಪೂರ್ತಿ ಒಮ್ಮೆ ಮನಸ್ಸಿನಲ್ಲಿ ಓದಿಕೊಂಡರು. "ನಿಮ್ಮ ಹೆಸ್ರು ಇಲ್ಲ ಸರ್."

"ಓದ್ರೀ," ಅಂದ ಅಪ್ಪ. "ಇರೂದು ಓದ್ರೀ."

ಸೆನ್ಸೆ ಓದಿದರು, ಒಂದೊಂದೇ ಸಾಲನ್ನು ಕನ್ನಡ ಮಾಡುತ್ತಾ. "ನಿಮ್ಮ ಐದು ಸಾಲು ಓದಿದೆ. ಹೈಸ್ಕೂಲಲ್ಲಿ ಈ ಹಳೇ ಭಾಷೆ ನಮ್ಗೂ ಪಾಠ ಇತ್ತು, ನಾನು ಅದ್ರಲ್ಲಿ ಫೇಲಾಗ್ತಿದ್ದೆ. ಈಗ ಇದನ್ನ ಯಾರೂ ಮಾತಾಡಲ್ಲ. ಇಂಡಿಯಾದಲ್ಲಿ, ಒಂದು ಮಷಿನ್ ಮುಂದೆ, ಒಂದು ಹುಡುಗಿ ಬಾಯಲ್ಲಿ ಕೇಳ್ತೀನಿ ಅಂತ ಅಂದ್ಕೊಂಡಿರ್ಲಿಲ್ಲ. ಅವತ್ತು ನಾನು ನಿಮ್ಗೆ ಊಟ ಆಯ್ತಾ ಅಂತ ಕೇಳ್ದೆ. ಈಗಿನ ಭಾಷೆ ನಿಮ್ಗೆ ಬರಲ್ಲ ಅಂತ ಆಮೇಲೆ ಗೊತ್ತಾಯ್ತು, ಕ್ಷಮ್ಸಿ. ಐದು ಸಾಲಿಗೆ ಐದು ಸಾಲೇ ಉತ್ತರ ಕೊಡ್ಬೇಕು. ನಂಗೆ ಬರಲ್ಲ, ಅದಕ್ಕೆ ಈ ಕಾಗದ."

ಅಪ್ಪ ಫೋನನ್ನು ಜೇಬಿಗಿಟ್ಟ.

"ಇಕಿಗೆ ಈಗಿನ ಜಪಾನಿ ಬರೂದಿಲ್ರಿ?"

"ಬರಲ್ಲ ಸರ್. ಹಳೇದು ತುಂಬಾ ಚೆನ್ನಾಗಿ ಬರುತ್ತೆ. ಮನೇಲಿ ಗೊತ್ತು ಅಂತ ಹೇಳಿದ್ಲು." ಸೆನ್ಸೆ ನನ್ನ ಕಡೆ ನೋಡಿದರು. ಅವರು ಬಯ್ಯಬಹುದಿತ್ತು, ಬಯ್ಯಲಿಲ್ಲ. "ಸಾವಿರ ವರ್ಷದಿಂದ ಯಾರೋ ಒಬ್ರು ಓದ್ತಾ ಬಂದಿರೋದ್ರಿಂದ ಅದು ಉಳ್ದಿದೆ ಸರ್. ಇಂಥಾ ಹುಡುಗಿ ನಂಗೆ ಇಷ್ಟು ವರ್ಷದಲ್ಲಿ ಸಿಕ್ಕಿರ್ಲಿಲ್ಲ."

"ಉಳೀಲ್ರೀ ಮೇಡಮ್ಮಾರ. ನಾ ಬ್ಯಾಡ ಅನ್ನೂದಿಲ್ಲ. ಯಾರರ ಉಳಿಸ್ಲಿ." ಅಪ್ಪನ ಧ್ವನಿ ಎತ್ತರವಾಗಲಿಲ್ಲ. "ನನ್ನ ಮಗಳ ಯಾಕ್ರಿ?"

ಅಪ್ಪ ನನ್ನ ಕಡೆ ತಿರುಗಿದ.

"ಊಟ ಆತೇನು ಅಂತ ಕೇಳಿದ್ನಂತ," ಅಂದ. "ಅಷ್ಟೂ ತಿಳೀಲಿಲ್ಲ ನಿನಗ."

ಅಪ್ಪ ಪೇಢೆಯ ಡಬ್ಬಿಯ ದಾರ ಬಿಚ್ಚಿದ. ಸೆನ್ಸೆಗೆ ಒಂದು ಕೊಟ್ಟ, ಆಫ್ರೀನ್‌ಗೆ ಒಂದು ಕೊಟ್ಟ. "ತಗೋರಿ, ತಂದ ಮ್ಯಾಲ ಹೊಳ್ಳಿ ಒಯ್ಯಬಾರ್ದು." ನನ್ನ ಕೈಯಲ್ಲೂ ಒಂದಿಟ್ಟ. ಡಬ್ಬಿಯನ್ನು ಮೇಜಿನ ಮೇಲೆ, ತೆರೆದಿದ್ದ ನೀಲಿ ಪುಸ್ತಕದ ಪಕ್ಕದಲ್ಲಿ ಬಿಟ್ಟ. ಹೊರಗೆ ಹೋಗಿ ಚಪ್ಪಲಿ ಹಾಕಿಕೊಂಡ.

"ಏಳು. ಮನಿಗೆ ಹೋಗೂಣು."

ಮನಿ ಎಂದ ಕೂಡಲೇ ನನ್ನ ಕಣ್ಣಿಗೆ ಬಂದದ್ದು ಬೆಟಗೇರಿಯ ಕಟ್ಟೆ. ಅಲ್ಲಿಗೇ ಕರೆದನೇನೋ ಎಂಬ ಹಾಗೆ ಬೇಗ ಎದ್ದೆ. ಹೋದದ್ದು ಜೋಗುಪಾಳ್ಯದ ಮೂರನೇ ಮಹಡಿಗೆ.